ಮಾವ, ಹೋಟೆಲ್ ಕೆಲಸ ಅಂತಲೇ ಬರೆಯಲಾ?

ಹೋದ ತಿಂಗಳು ಒಂದು ರಾತ್ರಿ ಹನ್ನೊಂದೂವರೆಗೆ ಅಕ್ಕನ ಮಗಳು ಫೋನ್ ಮಾಡಿದಳು. ಅಷ್ಟು ಹೊತ್ತಿನಲ್ಲಿ ಅವಳ ಫೋನ್ ಬಂದರೆ ನನಗೆ ಗಾಬರಿ ಆಗುವುದಿಲ್ಲ. ಮೈಸೂರಿನ ಒಂದು ಹೋಟೆಲಿನಲ್ಲಿ ಎರಡು ವರ್ಷದಿಂದ ರಿಸೆಪ್ಷನ್‌ನಲ್ಲಿ ಇದ್ದಾಳೆ. ವಾರಕ್ಕೆ ನಾಲ್ಕು ದಿನ ನೈಟ್ ಶಿಫ್ಟು. ಬೆಳಗ್ಗೆ ಮನೆಗೆ ಹೋಗಿ ಸ್ವಲ್ಪ ಮಲಗಿ, ಎದ್ದು ಮಾನಸಗಂಗೋತ್ರಿ ಲೈಬ್ರರಿಗೆ ಓಡುತ್ತಾಳೆ. ಯುಪಿಎಸ್‌ಸಿ ಪ್ರಿಲಿಮ್ಸ್ ಪಾಸಾಗಿದೆ. ಅವಳಿಗೆ ಬೇಕಾಗಿರುವುದು ವಿದೇಶಾಂಗ ಸೇವೆ, ಐಎಫ್‌ಎಸ್.

ಮೇನ್ಸ್‌ಗೆ ಮುಂಚೆ ಒಂದು ದೊಡ್ಡ ಫಾರ್ಮ್ ತುಂಬಬೇಕು. ಡಿಎಎಫ್ ಅನ್ನುತ್ತಾರೆ. ಊರು, ಓದು, ಹವ್ಯಾಸ, ಮಾಡಿದ ಕೆಲಸ, ಎಲ್ಲ ಅದರಲ್ಲಿ ಇರುತ್ತದೆ. ಮುಂದೆ ದೆಹಲಿಯ ಧೋಲ್‌ಪುರ್ ಹೌಸಿನಲ್ಲಿ ಇಂಟರ್ವ್ಯೂಗೆ ಕೂತಾಗ ಬೋರ್ಡಿನವರ ಕೈಯಲ್ಲಿ ಇರುವುದು ಇದೇ ಕಾಗದ, ಪ್ರಶ್ನೆ ಹುಟ್ಟುವುದು ಇದರೊಳಗಿಂದಲೇ. ಅವಳಿಗೆ ಯಾರೋ ಹೇಳಿದ್ದರಂತೆ, ರಿಸೆಪ್ಷನಿಸ್ಟ್ ಅಂತ ಬರೀಬೇಡ, 'ಅಡ್ಮಿನಿಸ್ಟ್ರೇಷನ್' ಅಂತ ಏನಾದರೂ ಗೌರವವಾಗಿ ಬರಿ ಅಂತ.

"ಮಾವ, ಹೋಟೆಲ್ ಕೆಲಸ ಅಂತಲೇ ಬರೆಯಲಾ? ನೀವೂ ಇಪ್ಪತ್ತಾರು ವರ್ಷ ಇದೇ ಕೆಲಸ ಮಾಡಿದೋರು. ನೀವೇ ಹೇಳಿ."

ಬರಿಯಮ್ಮ, ಹಾಗೇ ಬರಿ ಅಂತ ತಕ್ಷಣ ಹೇಳಬಹುದಿತ್ತು. ಆದರೆ ಅವಳು ಕೇಳಿದ ರೀತಿಯಲ್ಲಿ ಒಂದು ಅಳುಕು ಇತ್ತು. ಆ ಅಳುಕು ನನಗೂ ಗೊತ್ತು. 1993ರಲ್ಲಿ ಪಾಂಡವಪುರದ ಹತ್ತಿರದ ನಮ್ಮೂರಿನಿಂದ ಬಂದು ಮೈಸೂರಿನ ಒಂದು ಲಾಡ್ಜ್‌ನಲ್ಲಿ ರೂಮ್ ಬಾಯ್ ಆಗಿ ಸೇರಿದಾಗ, ಊರಿನಲ್ಲಿ ಯಾರಾದರೂ ಏನ್ಕೆಲ್ಸ ಅಂತ ಕೇಳಿದರೆ ಅಪ್ಪ "ಮೈಸೂರ್ನಲ್ಲವ್ನೆ" ಅಂದು ಸುಮ್ಮನಾಗುತ್ತಿದ್ದರು. ಕೆಲಸದ ಹೆಸರು ಹೇಳುತ್ತಿರಲಿಲ್ಲ. ಬೇರೆಯವರ ಹಾಸಿಗೆ ಕೊಡವುವುದು, ಲೋಟ ತೊಳೆಯುವುದು ಅಂದರೆ ನಮ್ಮ ಕಡೆ ಇವತ್ತಿಗೂ ಅಷ್ಟು ಹಗುರವಾಗಿ ಹೇಳಿಕೊಳ್ಳುವ ಕೆಲಸ ಅಲ್ಲ.

ಅದಕ್ಕೇ ಅವಳಿಗೆ ಒಬ್ಬರ ಕಥೆ ಹೇಳಿದೆ. ಹೋಟೆಲಿನಿಂದ ಹೊರಟು ರಾಯಭಾರಿ ಆದ ಒಬ್ಬ ಅಮೆರಿಕನ್ ಕಥೆ. ಅದು ನೇರವಾದ ಗೆಲುವಿನ ಕಥೆಯಾಗಿದ್ದರೆ ನನಗೆ ನೆನಪಿರುತ್ತಿತ್ತೋ ಇಲ್ಲವೋ.

ಹೆಸರು ಜಾರ್ಜ್ ತ್ಸೂನಿಸ್. ಗ್ರೀಸ್‌ನಿಂದ ಅಮೆರಿಕಕ್ಕೆ ವಲಸೆ ಬಂದ ತಂದೆ ತಾಯಿಯ ಮಗ, ನ್ಯೂಯಾರ್ಕಿನ ಲಾಂಗ್ ಐಲೆಂಡ್ ಕಡೆಯವರು. ಓದಿದ್ದು ಲಾ, ಸ್ವಲ್ಪ ಕಾಲ ವಕೀಲಿಕೆಯನ್ನೂ ಮಾಡಿದರು. ಆಮೇಲೆ ಚಾರ್ಟ್‌ವೆಲ್ ಹೋಟೆಲ್ಸ್ ಅನ್ನೋ ಕಂಪನಿ ಕಟ್ಟಿದರು. ಹಿಲ್ಟನ್, ಮ್ಯಾರಿಯಟ್ ಥರದ ದೊಡ್ಡ ಹೆಸರುಗಳ ಕೆಳಗೆ ಹೋಟೆಲು ಕಟ್ಟುವುದು, ನಡೆಸುವುದು ಆ ಕಂಪನಿಯ ಕೆಲಸ. 2012ರಲ್ಲಿ ಒಬಾಮಾ ಎರಡನೇ ಸಲ ನಿಂತಾಗ ಅವರ ಪ್ರಚಾರಕ್ಕೆ 5 ಲಕ್ಷ ಡಾಲರಿಗೂ ಜಾಸ್ತಿ ಹಣ ಕೂಡಿಸಿ ಕೊಟ್ಟವರ ಪಟ್ಟಿಯಲ್ಲಿ ಇವರ ಹೆಸರು ಇತ್ತು. ಮರುವರ್ಷ ಇವರನ್ನು ನಾರ್ವೆಗೆ ರಾಯಭಾರಿ ಅಂತ ಹೆಸರಿಸಿದರು.

ಅಮೆರಿಕದಲ್ಲಿ ಇದು ಹಳೇ ಪದ್ಧತಿ. ರಾಯಭಾರಿಗಳಲ್ಲಿ ಹೆಚ್ಚು ಕಡಿಮೆ ಮೂರರಲ್ಲಿ ಒಂದು ಪಾಲು ಹೀಗೆ ವಿದೇಶಾಂಗ ಸೇವೆಯ ಹೊರಗಿನವರೇ ಇರುತ್ತಾ ಬಂದಿದ್ದಾರೆ, ಎರಡೂ ಪಕ್ಷದವರು ಮಾಡುತ್ತಾರೆ. ಅವರದೇ 1980ರ ಫಾರಿನ್ ಸರ್ವಿಸ್ ಕಾನೂನಿನಲ್ಲಿ, ಚುನಾವಣೆಗೆ ಕೊಟ್ಟ ಹಣವನ್ನು ರಾಯಭಾರಿಯ ನೇಮಕದಲ್ಲಿ ಲೆಕ್ಕಕ್ಕೆ ತೆಗೆದುಕೊಳ್ಳಬಾರದು ಅಂತ ಸ್ಪಷ್ಟವಾಗಿ ಬರೆದಿದೆ. ಬರೆದದ್ದು ಒಂದು ಕಡೆ, ನಡೆಯುವುದು ಇನ್ನೊಂದು ಕಡೆ. ನನಗೆ ಇದು ಸರಿ ಕಾಣುವುದಿಲ್ಲ. ಇದನ್ನು ಮುಂದೆ ಮತ್ತೆ ಹೇಳುತ್ತೇನೆ.

ಹೆಸರಿಸಿದ ಮೇಲೆ ಅವರ ಸಂಸತ್ತಿನ ಮೇಲ್ಮನೆಯಾದ ಸೆನೆಟ್‌ನ ಸಮಿತಿಯ ಮುಂದೆ ಕೂರಬೇಕು. 2014ರ ಜನವರಿಯಲ್ಲಿ ತ್ಸೂನಿಸ್ ಕೂತರು. ನಾರ್ವೆಗೆ ತಾನು ಒಮ್ಮೆಯೂ ಹೋಗಿಲ್ಲ ಅಂತ ಒಪ್ಪಿಕೊಂಡರು. ಮಾತಿನ ನಡುವೆ ಆ ದೇಶದ 'ಅಧ್ಯಕ್ಷರ' ಬಗ್ಗೆ ಹೇಳಿದರು. ನಾರ್ವೆಗೆ ಅಧ್ಯಕ್ಷರಿಲ್ಲ, ರಾಜ ಇದ್ದಾರೆ, ಐದನೇ ಹರಾಲ್ಡ್. ಸರ್ಕಾರ ನಡೆಸುವುದು ಪ್ರಧಾನಿ. ಆಮೇಲೆ ಸೆನೆಟರ್ ಜಾನ್ ಮೆಕೇನ್ ಅಲ್ಲಿನ ಪ್ರೋಗ್ರೆಸ್ ಪಾರ್ಟಿ ಬಗ್ಗೆ ಕೇಳಿದರು. ಇವರು ಅದು ಯಾವುದೋ ಮೂಲೆಯ ಗುಂಪು, ದ್ವೇಷ ಹರಡುತ್ತದೆ, ಸರ್ಕಾರ ಅವರನ್ನು ಖಂಡಿಸಿದೆ ಅನ್ನುವ ಅರ್ಥದಲ್ಲಿ ಉತ್ತರ ಕೊಟ್ಟರು. ಆ ಪಾರ್ಟಿ ಆಗ ಸರ್ಕಾರದಲ್ಲೇ ಇತ್ತು! ಹಿಂದಿನ ವರ್ಷವಷ್ಟೇ ಪ್ರಧಾನಿ ಎರ್ನಾ ಸೋಲ್‌ಬರ್ಗ್ ಜೊತೆ ಸೇರಿ ಸರ್ಕಾರ ಮಾಡಿತ್ತು, ಹಣಕಾಸು ಮಂತ್ರಿಯೇ ಆ ಪಾರ್ಟಿಯವರು. ಮೆಕೇನ್ ಅದನ್ನು ಅಲ್ಲೇ ಹೇಳಿದರು. ಕೊನೆಗೆ, ಇಷ್ಟೊಂದು ಅರ್ಹತೆ ಇರುವವರಿಗೆ ನನ್ನ ಹತ್ತಿರ ಇನ್ನು ಪ್ರಶ್ನೆ ಇಲ್ಲ ಅಂತ ಚುಚ್ಚಿ ಮುಗಿಸಿದರು.

ಆ ವಿಡಿಯೋ ಎಲ್ಲ ಕಡೆ ಓಡಾಡಿತು. ನಮ್ಮ ಹೋಟೆಲಿನ ಆಫೀಸ್ ರೂಮಿಗೂ ಬಂತು. ಹೋಟೆಲಿನವನು ರಾಯಭಾರಿ ಆಗಕ್ಕೆ ಹೋಗಿ ಏನಾದ ನೋಡಿ ಅಂತ ಯಾರೋ ಕಂಪ್ಯೂಟರಿನಲ್ಲಿ ಹಾಕಿದರು. ಹುಡುಗರೆಲ್ಲ ನಕ್ಕರು. ನನಗೆ ನಗು ಬರಲಿಲ್ಲ. ಆ ಮನುಷ್ಯನ ಮುಖದಲ್ಲಿ, ತಾನು ತಪ್ಪು ಹೇಳಿದ್ದೇನೆ ಅಂತ ಗೊತ್ತಾದ ಆ ಒಂದು ಗಳಿಗೆ ಬರುತ್ತದಲ್ಲ, ಅದನ್ನು ನೋಡಿ ನನಗೆ 2001ರ ದಸರಾ ನೆನಪಾಯಿತು.

ಆಗ ನಾನು ರಿಸೆಪ್ಷನ್‌ಗೆ ಬಂದು ಮೂರು ವರ್ಷ ಆಗಿತ್ತು. ದಸರಾ ಅಂದರೆ ಮೈಸೂರಿನ ಹೋಟೆಲಿನವರಿಗೆ ಹತ್ತು ದಿನ ನಿದ್ದೆ ಇಲ್ಲ. ಬುಕ್ ಆದ ರೂಮಿಗೆ ಮತ್ತೊಬ್ಬರು ಬಂದು ನಿಂತಿರುತ್ತಾರೆ, ಜಂಬೂಸವಾರಿ ದಿನ ರಸ್ತೆ ಬಂದ್ ಆಗಿ ಹಾಲಿನ ಗಾಡಿಯೂ ಒಳಗೆ ಬರುವುದಿಲ್ಲ. ಅಂಥ ದಿನಗಳಲ್ಲಿ ಒಂದು ಪ್ರವಾಸಿ ತಂಡ ಬಂತು, ಹನ್ನೆರಡು ಜನ, ಎಲ್ಲ ವಯಸ್ಸಾದವರು. ಹಿಂದಿನ ದಿನವೇ ಏಜೆಂಟ್ ಪಾಸ್‌ಪೋರ್ಟಿನ ಫೋಟೋಕಾಪಿ ಕಳಿಸಿದ್ದರು. ವಿದೇಶದವರು ಬಂದರೆ 24 ಗಂಟೆಯ ಒಳಗೆ ಅವರ ವಿವರದ ಸಿ ಫಾರ್ಮ್ ತುಂಬಿ ಸರ್ಕಾರಕ್ಕೆ ಕಳಿಸಬೇಕಿತ್ತು, ಹಾಗಾಗಿ ಪಾಸ್‌ಪೋರ್ಟ್ ನೋಡುವುದು ನಮ್ಮ ದಿನದ ಕೆಲಸ. ರಟ್ಟಿನ ಮೇಲೆ 'ರಿಪಬ್ಲಿಕ್ ಆಫ್ ಚೀನಾ' ಅಂತ ಇತ್ತು. ಹೂವಿನ ಹಾರದ ಪಕ್ಕ ಬೋರ್ಡಿನ ಮೇಲೆ ನಾನೇ ನನ್ನ ಕೈಯಾರೆ ಬರೆದೆ, ಚೀನಾದ ಅತಿಥಿಗಳಿಗೆ ಸ್ವಾಗತ ಅಂತ, ಇಂಗ್ಲಿಷಿನಲ್ಲಿ, ಬಣ್ಣದ ಸೀಮೆಸುಣ್ಣದಲ್ಲಿ.

ಅವರು ತೈವಾನಿನವರು.

ಬಸ್ಸು ಇಳಿದು ಒಳಗೆ ಬಂದ ಮೊದಲ ಅಜ್ಜ ಬೋರ್ಡ್ ನೋಡಿ ಅಲ್ಲೇ ನಿಂತರು. ಹಿಂದಿನವರೂ ನಿಂತರು. ಯಾರೂ ಕೂಗಾಡಲಿಲ್ಲ. ಆ ಅಜ್ಜ ನಿಧಾನವಾಗಿ ಕೌಂಟರಿಗೆ ಬಂದು, ಆ ಬೋರ್ಡ್ ತೆಗೆಸಿ, ಆಮೇಲೆ ರೂಮಿಗೆ ಹೋಗುತ್ತೇವೆ ಅಂದರು. ಅಷ್ಟೇ. ನನಗೆ ಏನು ತಪ್ಪು ಅಂತಲೇ ಗೊತ್ತಾಗಲಿಲ್ಲ. ಪಾಸ್‌ಪೋರ್ಟಿನಲ್ಲಿ ಇದ್ದದ್ದನ್ನೇ ಬರೆದಿದ್ದೇನೆ ಅಂತ ವಾದ ಮಾಡಲು ಬಾಯಿ ತೆರೆದೆ. ಒಳಗಿನಿಂದ ಮ್ಯಾನೇಜರ್ ಸರ್ ಬಂದವರೇ ಬೋರ್ಡ್ ಎತ್ತಿ ಹಿಂದೆ ಇಟ್ಟು, ಆ ಅಜ್ಜನಿಗೆ ಎರಡೂ ಕೈ ಮುಗಿದರು. ತೈವಾನಿಗೆ ತನ್ನದೇ ಸರ್ಕಾರ ಇದೆ, ಚೀನಾದವರು ಅಂದರೆ ಅಲ್ಲಿನ ತುಂಬಾ ಜನಕ್ಕೆ ಬೇಜಾರು. ತೈವಾನ್ ಅನ್ನೋ ಹೆಸರು ಆ ಪಾಸ್‌ಪೋರ್ಟಿನ ರಟ್ಟಿನ ಮೇಲೆ ಬಂದದ್ದು 2003ರಲ್ಲಿ. ಅಂದರೆ ಕಾಗದದ ಪ್ರಕಾರ ನಾನು ಪೂರ್ತಿ ತಪ್ಪು ಅಲ್ಲ. ಆದರೆ ಆ ಹನ್ನೆರಡು ಜನ ನಮ್ಮ ಬಾಗಿಲಲ್ಲಿ ನಿಂತ ಆ ಐದು ನಿಮಿಷ ಕಾಗದದ ಮಾತು ಯಾರಿಗೂ ಬೇಕಾಗಿರಲಿಲ್ಲ.

ರಾತ್ರಿ ಎಲ್ಲ ಮುಗಿದ ಮೇಲೆ ಮ್ಯಾನೇಜರ್ ಸರ್ ನನ್ನನ್ನು ಕೂರಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು. "ಬುಕಿಂಗ್ ಬಂದು ಎಂಟು ದಿನ ಆಗಿತ್ತು ಕಣಪ್ಪ. ಆ ಎಂಟು ದಿನದಲ್ಲಿ ಒಂದು ಅರ್ಧ ಗಂಟೆ, ಇವರು ಯಾರು, ಯಾವೂರೋರು, ಅಂತ ಯಾರನ್ನಾದ್ರೂ ಕೇಳಿದ್ಯಾ?" ಕೇಳಿರಲಿಲ್ಲ. ನನ್ನ ತಪ್ಪು ಇದ್ದದ್ದು ಅಲ್ಲಿ. ಅವತ್ತಿನಿಂದ ಅರೈವಲ್ ಲಿಸ್ಟ್ ಕೈಗೆ ಬಂದ ತಕ್ಷಣ ಪ್ರತಿ ಊರಿನ ಬಗ್ಗೆ ಸ್ವಲ್ಪವಾದರೂ ಓದುವುದು ರೂಢಿಯಾಯಿತು. ಇಂಟರ್‌ನೆಟ್ ಕೈಗೆ ಬರುವವರೆಗೂ ಒಂದು ಹಳೇ ಅಟ್ಲಾಸ್ ಕೌಂಟರಿನ ಕೆಳಗೆ ಇಟ್ಟುಕೊಂಡಿದ್ದೆ.

ತ್ಸೂನಿಸ್‌ಗೂ ಹೆಸರಿಸಿದ ದಿನಕ್ಕೂ ಸಮಿತಿಯ ದಿನಕ್ಕೂ ನಡುವೆ ತಿಂಗಳುಗಳೇ ಇದ್ದವು. ಅಲ್ಲಿ ರಾಜ ಇದ್ದಾರಾ ಅಧ್ಯಕ್ಷರಿದ್ದಾರಾ, ಸರ್ಕಾರದಲ್ಲಿ ಯಾವ ಯಾವ ಪಾರ್ಟಿ ಇದೆ, ಇದಕ್ಕೆ ಒಂದು ಮಧ್ಯಾಹ್ನ ಸಾಕು. ನಾರ್ವೆಯವರಿಗೆ ಬೇಜಾರಾಗಿದ್ದು ಅದಕ್ಕೇ ಇರಬೇಕು. ನಮ್ಮ ಮನೆಗೆ ಬರುವವನು ನಮ್ಮ ಮನೆ ಯಜಮಾನರು ಯಾರು ಅಂತ ಕೂಡ ಕೇಳಿಕೊಂಡು ಬಂದಿಲ್ಲವಲ್ಲ ಅಂತ. ಅಮೆರಿಕದ ಒಳಗೂ ವಿರೋಧ ಎದ್ದಿತು. ಮಿನೆಸೋಟಾ ರಾಜ್ಯದಲ್ಲಿ ನಾರ್ವೆ ಮೂಲದವರು ತುಂಬಾ ಜನ ಇದ್ದಾರೆ. ಅಲ್ಲಿನ ಇಬ್ಬರೂ ಸೆನೆಟರುಗಳು, ಒಬಾಮಾ ಪಕ್ಷದವರೇ ಆಗಿದ್ದರೂ, ಬೇಡ ಅಂದರು. 2014ರ ಡಿಸೆಂಬರಿನಲ್ಲಿ ತ್ಸೂನಿಸ್ ಹಿಂದೆ ಸರಿದರು. ಜನವರಿಯಲ್ಲಿ ಇವರು ಕೂತ ದಿನವೇ ಅದೇ ಸಮಿತಿಯ ಮುಂದೆ ತಡವರಿಸಿದ್ದ ಒಬ್ಬ ಟಿವಿ ಧಾರಾವಾಹಿ ನಿರ್ಮಾಪಕಿ ಮಾತ್ರ ಹಂಗೇರಿಗೆ ಹೋದರು. ನಾರ್ವೆಗೆ ಹೊಸ ರಾಯಭಾರಿ ಹೋಗಿದ್ದು 2016ರಲ್ಲಿ. ಎರಡು ವರ್ಷಕ್ಕೂ ಜಾಸ್ತಿ ಓಸ್ಲೋದಲ್ಲಿ ಅಮೆರಿಕದ ರಾಯಭಾರಿಯ ಕುರ್ಚಿ ಖಾಲಿ ಇತ್ತು.

ಇಷ್ಟು ಹೇಳಿದಾಗ ನನ್ನ ಸೊಸೆ (ಅಕ್ಕನ ಮಗಳನ್ನು ನಮ್ಮ ಕಡೆ ಹಾಗೇ ಅನ್ನುವುದು) ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ, "ಹಂಗಾದ್ರೆ ಹೋಟೆಲಿನೋರು ಆ ಕೆಲ್ಸಕ್ಕೆ ಲಾಯಕ್ಕಿಲ್ಲ ಅಂತಲಾ ಮಾವ?" ಅಂದಳು.

ಅದಕ್ಕೆ ನನ್ನ ಉತ್ತರ ಸ್ವಲ್ಪ ಉದ್ದ. ಅವತ್ತು ಫೋನಿನಲ್ಲಿ ಪೂರ್ತಿ ಹೇಳಲಾಗಲಿಲ್ಲ, ಅವಳಿಗೆ ಯಾರೋ ಚೆಕ್-ಇನ್‌ಗೆ ಬಂದರು. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

1961ರಲ್ಲಿ ವಿಯೆನ್ನಾದಲ್ಲಿ ದೇಶಗಳೆಲ್ಲ ಸೇರಿ ಮಾಡಿಕೊಂಡ ಒಪ್ಪಂದದಲ್ಲಿ ರಾಯಭಾರ ಕಚೇರಿಯ ಕೆಲಸ ಏನೇನು ಅಂತ ಇದೆ. ತನ್ನ ದೇಶವನ್ನು ಪ್ರತಿನಿಧಿಸುವುದು, ತನ್ನ ಜನರ ಹಿತ ಕಾಯುವುದು, ಮಾತುಕತೆ ನಡೆಸುವುದು, ಅಲ್ಲಿ ಏನಾಗುತ್ತಿದೆ ಅಂತ ಸರಿಯಾದ ದಾರಿಯಲ್ಲಿ ತಿಳಿದು ತನ್ನ ಸರ್ಕಾರಕ್ಕೆ ಬರೆಯುವುದು, ಸ್ನೇಹ ಬೆಳೆಸುವುದು. ಓದುತ್ತಾ ಹೋದ ಹಾಗೆ ನನ್ನ ಕಣ್ಣ ಮುಂದೆ ಬಂದದ್ದು ನಮ್ಮ ರಿಸೆಪ್ಷನ್ನಿನ ಲಾಗ್ ಬುಕ್. ರಾತ್ರಿಯವನು ಬೆಳಗಿನವನಿಗೆ ಬರೆದಿಡುವ ಪುಸ್ತಕ. 204ರ ಗೀಸರ್ ಕೆಟ್ಟಿದೆ, ಎಲೆಕ್ಟ್ರಿಷಿಯನ್ ಎಂಟಕ್ಕೆ ಬರುತ್ತಾನೆ, ಗೆಸ್ಟ್ ಕೋಪದಲ್ಲಿದ್ದಾರೆ ಆದರೆ ಕೋಪ ಗೀಸರಿನದಲ್ಲ, ಮಗನ ಅಡ್ಮಿಷನ್ ಆಗಿಲ್ಲ, ಮೆತ್ತಗೆ ಮಾತಾಡಿ. ಇಂಥದ್ದು. ಒಳ್ಳೆಯ ಲಾಗ್ ಬುಕ್ ಬರೆಯುವವರು ಕಮ್ಮಿ. ತನ್ನ ತಪ್ಪು ಮುಚ್ಚಿ ಬರೆದರೆ ಬೆಳಗ್ಗೆ ಬಂದವನು ಬೈಸಿಕೊಳ್ಳುತ್ತಾನೆ. ಅತಿಥಿಯನ್ನು ಬೈದು ಬರೆದರೆ ಬೆಳಗಿನವನು ಮುಖ ಗಂಟು ಹಾಕಿಕೊಂಡೇ ಎದುರಾಗುತ್ತಾನೆ. ಕಂಡದ್ದನ್ನು ಕಂಡ ಹಾಗೆ, ಮುಂದಿನವನಿಗೆ ಉಪಯೋಗ ಆಗುವ ಹಾಗೆ ಬರೆಯಬೇಕು. ರಾಯಭಾರಿ ತನ್ನ ರಾಜಧಾನಿಗೆ ಬರೆಯುವ ಕಾಗದಕ್ಕೂ ಇದೇ ಗುಣ ಬೇಕಲ್ವಾ?

ಇನ್ನೊಂದು, ಕೌಂಟರಿನ ಹಿಂದೆ ನಿಂತವನಿಗೆ ಗುಟ್ಟು ಕಾಯುವುದು ಬರಲೇಬೇಕು. ಯಾರು ಯಾರ ಜೊತೆ ಬಂದರು, ಯಾರು ಅಳುತ್ತಾ ಹೋದರು, ನೋಡಿದ್ದು ಒಳಗೇ ಇರಬೇಕು. 'ಆಗಲ್ಲ' ಅನ್ನುವುದನ್ನು 'ಆಗಲ್ಲ' ಅನ್ನದೆ ಹೇಳುವುದು ಬರಬೇಕು. ಬೈಯುತ್ತಿರುವವನ ಮಾತು ಮುಗಿಯುವವರೆಗೂ ಕಾಯುವುದು ಬರಬೇಕು, ಇದು ನನಗೆ ಬರಲು ಎಂಟು ವರ್ಷ ಹಿಡಿಯಿತು.

ಆದರೆ ಹೋಟೆಲಿನಲ್ಲಿ ಕಲಿಯಲಾಗದ ಸಂಗತಿಗಳೂ ಇವೆ. ನಮ್ಮಲ್ಲಿ ಅತಿಥಿ ಎರಡು ದಿನಕ್ಕೆ ಹೋಗುತ್ತಾನೆ. ತುಂಬಾ ಬೇಜಾರಾಗಿದ್ದರೆ ಒಂದು ದಿನದ ಬಾಡಿಗೆ ಬಿಟ್ಟರೆ, ಒಂದು ಬುಟ್ಟಿ ಹಣ್ಣು ಕಳಿಸಿದರೆ ಮುಗಿಯುತ್ತದೆ. ದೇಶ ದೇಶದ ನಡುವಿನ ಬೇಜಾರು ಹಣ್ಣಿನ ಬುಟ್ಟಿಗೆ ಹೋಗುವುದಿಲ್ಲ. ಇನ್ನೂ ದೊಡ್ಡದು ಅಂದರೆ ಹೋಟೆಲಿನಲ್ಲಿ ಯಾವಾಗಲೂ ನಾವು ಮನೆಯವರು, ಬಂದವರು ಅತಿಥಿ. ರಾಯಭಾರಿ ತಾನೇ ಅತಿಥಿಯಾಗಿ ಹೋಗಿ, ಅಲ್ಲಿ ತನ್ನದೊಂದು ಮನೆ ತೆರೆದು, ಆ ಮನೆಗೆ ಆ ಊರಿನವರನ್ನೇ ಊಟಕ್ಕೆ ಕರೆಯಬೇಕು. ನಲವತ್ತು ವರ್ಷ ಮನೆಯವನಾಗಿ ಅಭ್ಯಾಸ ಆದವನಿಗೆ ಅತಿಥಿಯಾಗುವುದು ಕಷ್ಟ. ಅದರಲ್ಲೂ ಹೋಟೆಲಿನ ಮಾಲೀಕನೇ ಆಗಿದ್ದರೆ ಇನ್ನೂ ಕಷ್ಟ, ಅವನ ಎದುರಿಗೆ ಬಂದು ತಪ್ಪು ಅಂತ ಹೇಳುವವರು ಇರುವುದಿಲ್ಲ. ನನಗೆ ಆ ರಾತ್ರಿ ಕೂರಿಸಿಕೊಂಡು ಹೇಳುವ ಮ್ಯಾನೇಜರ್ ಸರ್ ಇದ್ದರು. ತ್ಸೂನಿಸ್‌ಗೆ ಹೇಳಿದವರು ಸೆನೆಟ್ ಸಮಿತಿಯವರು, ಇಡೀ ಪ್ರಪಂಚ ನೋಡುತ್ತಿರುವಾಗ.

ಇದೇ ದಾರಿಯಲ್ಲಿ ಬಂದ ಇನ್ನೊಬ್ಬರ ಬಗ್ಗೆಯೂ ಹೇಳಬೇಕು. ಗೋರ್ಡನ್ ಸೊಂಡ್‌ಲ್ಯಾಂಡ್, ಅವರದೂ ಹೋಟೆಲ್ ಉದ್ಯಮ, ನಾಜಿಗಳ ಕಾಲದಲ್ಲಿ ಜರ್ಮನಿ ಬಿಟ್ಟು ಓಡಿ ಬಂದ ಕುಟುಂಬದ ಮಗ. ಟ್ರಂಪ್ ಅಧಿಕಾರ ವಹಿಸುವ ಸಮಾರಂಭಕ್ಕೆ 10 ಲಕ್ಷ ಡಾಲರ್ ಕೊಟ್ಟರು, 2018ರಲ್ಲಿ ಯುರೋಪಿಯನ್ ಯೂನಿಯನ್‌ಗೆ ರಾಯಭಾರಿ ಆದರು. ಉಕ್ರೇನ್ ವಿಚಾರದಲ್ಲಿ ಸಿಕ್ಕಿಕೊಂಡು 2019ರ ನವೆಂಬರಿನಲ್ಲಿ ಸಂಸತ್ತಿನ ಮುಂದೆ ಸಾಕ್ಷಿ ಹೇಳಬೇಕಾಯಿತು. ಮರು ಫೆಬ್ರವರಿಯಲ್ಲಿ ಕೆಲಸ ಹೋಯಿತು.

ನಮ್ಮೂರಿನಲ್ಲಿ ಪೌರಾಣಿಕ ನಾಟಕ ಆಡುವಾಗ ಅಪ್ಪ ವಿದುರನ ಪಾತ್ರ ಮಾಡುತ್ತಿದ್ದರು. ಸುಗ್ಗಿ ಮುಗಿದ ಮೇಲೆ ಹಾರ್ಮೋನಿಯಂ ಮೇಷ್ಟ್ರು ಬಂದು ಎರಡು ತಿಂಗಳು ಕಲಿಸಿ, ರಾತ್ರಿಯಿಡೀ ಕುರುಕ್ಷೇತ್ರ. ಸಂಧಾನದ ಸೀನಿನಲ್ಲಿ ಕೃಷ್ಣ ಪಾಂಡವರ ದೂತನಾಗಿ ಹಸ್ತಿನಾವತಿಗೆ ಬರುತ್ತಾನೆ. ದುರ್ಯೋಧನ ಅರಮನೆಯಲ್ಲಿ ದೊಡ್ಡ ಊಟ ಮಾಡಿಸಿರುತ್ತಾನೆ. ಕೃಷ್ಣ ಬೇಡ ಅನ್ನುತ್ತಾನೆ, ಬಂದ ಕೆಲಸ ಆದ ಮೇಲೆಯೇ ದೂತ ಉಣ್ಣುವುದು ಅಂತ. ವಿದುರನ ಮನೆಗೆ ಹೋಗುತ್ತಾನೆ. ಬಂಗಾರದ ಬಣ್ಣ ಬಳಿದ ರಟ್ಟಿನ ಕಿರೀಟದ ಕೃಷ್ಣನ ಮುಂದೆ ಅಪ್ಪ ನಿಜವಾಗಿ ಕಣ್ಣೀರು ಹಾಕಿ ಹಾಲು ಕೊಡುತ್ತಿದ್ದರು. ಚಿಕ್ಕಂದಿನಲ್ಲಿ ನನಗೆ ಅದು ಭಕ್ತಿಯ ಸೀನು. ಈಗ ಅದರ ಇನ್ನೊಂದು ಮುಖ ಕಾಣುತ್ತದೆ. ದೂತನ ಕೈ ಮೊದಲೇ ಯಾರ ಋಣಕ್ಕೂ ಸಿಕ್ಕಿರಬಾರದು. ಹಣ ಕೂಡಿಸಿ ಕೊಟ್ಟು ಪಡೆದ ಹುದ್ದೆಯಲ್ಲಿ ಆ ಋಣ ಮೊದಲ ದಿನವೇ ಜೊತೆಗೆ ಬರುತ್ತದೆ. ತ್ಸೂನಿಸ್ ಒಳ್ಳೆಯವರೇ ಇರಬಹುದು. ಆದರೂ ಈ ವಿಷಯದಲ್ಲಿ ನನ್ನ ಮನಸ್ಸು ಬದಲಾಗಿಲ್ಲ. ನನ್ನ ಸೊಸೆ ನೈಟ್ ಶಿಫ್ಟ್ ಮಾಡಿ ಓದುತ್ತಿರುವ ಆ ಹುದ್ದೆಯನ್ನು ಜಗತ್ತಿನ ಇನ್ನೊಂದು ಕಡೆ ಒಬ್ಬರು ಚೆಕ್ ಬರೆದು ಪಡೆಯಬಹುದು ಅನ್ನುವುದು ನನಗೆ ನೋವಿನ ವಿಷಯ.

ಹಾಗಂತ ಹೊರಗಿನವರು ಬರಲೇಬಾರದು ಅಂತಲೂ ನಾನು ಹೇಳುವುದಿಲ್ಲ. ಮೈಸೂರಿನಲ್ಲಿ ಕೂತು ಹಾಗೆ ಹೇಳಲು ಆಗುವುದೇ ಇಲ್ಲ. 1918ರಲ್ಲಿ ಮಹಾರಾಜಾ ಕಾಲೇಜಿಗೆ ಒಬ್ಬ ತತ್ವಶಾಸ್ತ್ರದ ಮೇಷ್ಟ್ರು ಬಂದರು. 1921ರಲ್ಲಿ ಕಲ್ಕತ್ತಾಕ್ಕೆ ಹೊರಟಾಗ ವಿದ್ಯಾರ್ಥಿಗಳು ಹೂವಿನ ಸಾರೋಟಿಗೆ ಕುದುರೆ ಕಟ್ಟದೆ ತಾವೇ ರೈಲ್ವೆ ಸ್ಟೇಷನ್‌ವರೆಗೆ ಎಳೆದುಕೊಂಡು ಹೋದರು. ಅದೇ ರಾಧಾಕೃಷ್ಣನ್ 1949ರಿಂದ 1952ರವರೆಗೆ ಮಾಸ್ಕೋದಲ್ಲಿ ಭಾರತದ ರಾಯಭಾರಿ, ಸ್ಟಾಲಿನ್ ಕಾಲದಲ್ಲಿ. ವಿದೇಶಾಂಗ ಸೇವೆಯ ಪರೀಕ್ಷೆ ಬರೆದವರಲ್ಲ. ಪಾಠ ಮಾಡುತ್ತಾ ಬದುಕಿದವರು ಹೋಗಿ ಸ್ಟಾಲಿನ್ ಎದುರು ಕೂತು ಮಾತಾಡಿ ಬಂದರು. ಮೇಷ್ಟ್ರ ಕೆಲಸ ಅವರಿಗೆ ಅಡ್ಡ ಬರಲಿಲ್ಲ.

ತಪ್ಪಿನ ವಿಷಯಕ್ಕೆ ಬಂದರೆ ನಮ್ಮ ಜಿಲ್ಲೆಯವರದೇ ಒಂದು ಇದೆ. ಮದ್ದೂರು ತಾಲ್ಲೂಕಿನ ಸೋಮನಹಳ್ಳಿಯ ಎಸ್.ಎಂ. ಕೃಷ್ಣ ಅವರು 2009ರಿಂದ 2012ರವರೆಗೆ ದೇಶದ ವಿದೇಶಾಂಗ ಮಂತ್ರಿ. ಮೈಸೂರಿನಲ್ಲಿ ಓದಿ, ಅಮೆರಿಕದಲ್ಲೂ ಕಾನೂನು ಓದಿ ಬಂದವರು. 2011ರ ಫೆಬ್ರವರಿಯಲ್ಲಿ ವಿಶ್ವಸಂಸ್ಥೆಯ ಭದ್ರತಾ ಮಂಡಳಿಯಲ್ಲಿ ಮಾತಾಡುವಾಗ, ಎದುರಿಗಿದ್ದ ಕಾಗದಗಳಲ್ಲಿ ಪೋರ್ಚುಗಲ್ ಮಂತ್ರಿಯ ಭಾಷಣ ಕೈಗೆ ಸಿಕ್ಕಿ ಅದನ್ನೇ ಸುಮಾರು ಮೂರು ನಿಮಿಷ ಓದಿದರು. ಪೋರ್ಚುಗೀಸ್ ಮಾತಾಡುವ ಎರಡು ದೇಶಗಳು ಒಟ್ಟಿಗೆ ಇಲ್ಲಿವೆ, ಸಂತೋಷ ಅನ್ನುವ ಸಾಲೂ ಬಂದುಹೋಯಿತು. ಅಲ್ಲೇ ಇದ್ದ ನಮ್ಮ ಪ್ರತಿನಿಧಿ ಹರ್‌ದೀಪ್ ಪುರಿ ನೋಡಿ ಸರಿಪಡಿಸಿದರು. ಮಂಡ್ಯದಲ್ಲಿ ಆ ವಾರ ಎಲ್ಲಿ ಹೋದರೂ ಅದೇ ಮಾತು. ನಗುವವರು ನಗುತ್ತಿದ್ದರು, ನನಗೆ ತುಂಬಾ ಸಂಕಟ ಆಯಿತು. ಅಷ್ಟು ವರ್ಷದ ಕೆಲಸ, ಅಷ್ಟು ಓದು, ಮೂರು ನಿಮಿಷಕ್ಕೆ ಬಂದು ನಿಂತಿತ್ತು. 2024ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ ಸೋಮನಹಳ್ಳಿಗೆ ಬಂದು ನಿಂತ ಜನಕ್ಕೆ ಆ ಮೂರು ನಿಮಿಷ ನೆನಪಿತ್ತು ಅಂತ ನನಗೆ ಅನ್ನಿಸುವುದಿಲ್ಲ.

ತ್ಸೂನಿಸ್ ಕಥೆಯೂ ಅಲ್ಲಿಗೆ ನಿಲ್ಲಲಿಲ್ಲ. ಅವರು ಮತ್ತೆ ಹೋಟೆಲ್ ವ್ಯವಹಾರಕ್ಕೆ ಹೋದರು, ನ್ಯೂಯಾರ್ಕಿನಲ್ಲಿ ಕೆಲವು ಸಾರ್ವಜನಿಕ ಹುದ್ದೆಗಳನ್ನೂ ನೋಡಿಕೊಂಡರು. 2021ರಲ್ಲಿ ಬೈಡನ್ ಅವರ ಹೆಸರನ್ನು ಮತ್ತೆ ಸೂಚಿಸಿದರು. ಈ ಸಲ ಗ್ರೀಸ್‌ಗೆ. ಅದೇ ಸೆನೆಟ್, ಅದೇ ಥರದ ಸಮಿತಿ. ಏಳೆಂಟು ವರ್ಷ ಎಲ್ಲರೂ ಆಡಿಕೊಂಡ ಆ ಹಳೇ ವಿಡಿಯೋ ಇನ್ನೂ ಇಂಟರ್‌ನೆಟ್‌ನಲ್ಲಿ ಇದ್ದ ಹಾಗೇ ಇದೆ. ಹಾಗಿದ್ದೂ ಹೋಗಿ ಕೂತರು. 2022ರ ಮಾರ್ಚಿನಲ್ಲಿ ಸೆನೆಟ್ ಒಪ್ಪಿತು, ಮೇ ತಿಂಗಳಲ್ಲಿ ಅಥೆನ್ಸ್‌ನಲ್ಲಿ ಅಧ್ಯಕ್ಷೆ ಕತೆರಿನಾ ಸಕೆಲ್ಲಾರೋಪೌಲು ಅವರಿಗೆ ಅಧಿಕಾರ ಪತ್ರ ಕೊಟ್ಟರು. ಗ್ರೀಸ್‌ಗೆ ನಿಜವಾಗಿಯೂ ಅಧ್ಯಕ್ಷರಿದ್ದಾರೆ, ಅದನ್ನು ಓದಿದಾಗ ನನಗೆ ಯಾಕೋ ಗಂಟಲು ಕಟ್ಟಿತು. ಹೋಗಿದ್ದು ತಂದೆ ತಾಯಿಯ ಊರಿಗೆ, ಮನೆಯಲ್ಲಿ ಆಡುತ್ತಿದ್ದ ಭಾಷೆಗೆ.

ಸುಲಭದ ಕಾಲವೂ ಆಗಿರಲಿಲ್ಲ. ಉಕ್ರೇನ್ ಯುದ್ಧ ಶುರುವಾಗಿ ಮೂರನೇ ತಿಂಗಳು. ಗ್ರೀಸ್‌ನ ಉತ್ತರದ ಅಲೆಕ್ಸಾಂಡ್ರೂಪೊಲಿ ಬಂದರಿನ ಮೂಲಕ ಅಮೆರಿಕದ ಸೈನ್ಯದ ಸಾಮಾನು ಪೂರ್ವ ಯುರೋಪಿಗೆ ಹೋಗುತ್ತಿತ್ತು. ಪಕ್ಕದ ಟರ್ಕಿ ಜೊತೆ ಗ್ರೀಸ್‌ಗೆ ಹಳೇ ಮನಸ್ತಾಪ, ಅಮೆರಿಕಕ್ಕೆ ಇಬ್ಬರೂ ಬೇಕು. 2023ರ ಫೆಬ್ರವರಿಯಲ್ಲಿ ತೆಂಪಿ ಅನ್ನೋ ಕಡೆ ರೈಲು ಡಿಕ್ಕಿಯಾಗಿ 57 ಜನ ಸತ್ತು ಇಡೀ ದೇಶ ಬೀದಿಗೆ ಬಂದಿತ್ತು. 2024ರಲ್ಲಿ ಗ್ರೀಸ್ 20 ಎಫ್-35 ಯುದ್ಧ ವಿಮಾನ ಕೊಳ್ಳುವ ಒಪ್ಪಂದ ಆಯಿತು. ಇದೆಲ್ಲ ಒಬ್ಬ ರಾಯಭಾರಿಯಿಂದ ಆಯಿತು ಅಂತ ಯಾರೂ ಹೇಳುವುದಿಲ್ಲ, ಆದರೆ ಆ ಎರಡೂಮುಕ್ಕಾಲು ವರ್ಷ ಆ ಕುರ್ಚಿಯಲ್ಲಿ ಕೂತಿದ್ದವರು ಅವರೇ. 2025ರ ಜನವರಿಯಲ್ಲಿ ಬಿಟ್ಟು ಬಂದರು.

ಅವರು ಮತ್ತೆ ಆ ಸಮಿತಿಯ ಮುಂದೆ ಹೋಗಿ ಕೂತಿದ್ದು ನನಗೆ ದೊಡ್ಡದಾಗಿ ಕಾಣುತ್ತದೆ. ನಾನು ಆ ದಸರಾದ ಮರುದಿನ ಬೆಳಗ್ಗೆ ಆ ತೈವಾನಿನ ಅಜ್ಜ ತಿಂಡಿಗೆ ಇಳಿದು ಬರುತ್ತಾರೆ ಅಂತ ಗೊತ್ತಿದ್ದೂ ಕೌಂಟರಿಗೆ ಹೋಗಲು ಆಗದೆ ಸ್ಟೋರ್ ರೂಮಿನಲ್ಲಿ ಬೆಡ್‌ಶೀಟ್ ಎಣಿಸುತ್ತಾ ನಿಂತಿದ್ದೆ. ಮ್ಯಾನೇಜರ್ ಸರ್ ಹುಡುಕಿಕೊಂಡು ಬಂದು, ಹೋಗಿ ನಿಂತ್ಕೊ ಅಂದರು. ಹೋದೆ. ಅಜ್ಜ ಕೀ ಕೊಟ್ಟು, ಚಾಮುಂಡಿ ಬೆಟ್ಟಕ್ಕೆ ಎಷ್ಟು ಮೆಟ್ಟಿಲು ಅಂತ ಕೇಳಿದರು. ಸಾವಿರ ಅಂದೆ. ಹತ್ತಬಹುದಾ ಅಂದರು. ನಿಧಾನಕ್ಕೆ ಹತ್ತಿ, ನಂದಿ ಹತ್ತಿರ ಕೂತು ಸುಧಾರಿಸಿಕೊಳ್ಳಿ ಅಂದೆ. ನಾಲ್ಕು ದಿನ ಇದ್ದರು. ಬೋರ್ಡಿನ ಮಾತು ಮತ್ತೆ ಬರಲಿಲ್ಲ.

ಈ ಊರಿಗೂ ಈ ಕೆಲಸಕ್ಕೂ ಹಳೇ ನಂಟು ಇದೆ. 1881ರಲ್ಲಿ ಬ್ರಿಟಿಷರು ಮೈಸೂರನ್ನು ಒಡೆಯರಿಗೆ ವಾಪಸ್ ಕೊಟ್ಟಾಗ ಹಾಕಿದ ಷರತ್ತುಗಳಲ್ಲಿ, ಬೇರೆ ರಾಜ್ಯಗಳ ಜೊತೆ ನೇರ ವ್ಯವಹಾರ ಮಾಡುವ ಹಾಗಿಲ್ಲ ಅನ್ನುವುದೂ ಇತ್ತು. ರಾಯಭಾರಿ ಕಳಿಸುವ ಹಕ್ಕು ಇಲ್ಲದ ರಾಜ್ಯ ಅದು. ಹಾಗಿದ್ದರೂ 1920ರ ಸುಮಾರಿಗೆ ಮಹಾರಾಜರ ಬ್ರಿಟಿಷ್ ಅತಿಥಿಗಳಿಗೆಂದು ಮೆಟ್ರೋಪೋಲ್ ಹೋಟೆಲ್ ಎದ್ದಿತು. 1921ರಲ್ಲಿ ನಾಲ್ವಡಿಯವರು ವೈಸ್‌ರಾಯ್ ಉಳಿಯಲೆಂದೇ ಲಲಿತ ಮಹಲ್ ಅರಮನೆಗೆ ಅಡಿಗಲ್ಲು ಹಾಕಿದರು. ದಸರಾದಲ್ಲಿ ಯುರೋಪಿಯನ್ನರಿಗೆ ಬೇರೆ ದಿನದ ದರ್ಬಾರು ನಡೆಯುತ್ತಿತ್ತು. ಕಾಗದದಲ್ಲಿ ಆಡಲಾಗದ ಮಾತನ್ನು ಮೈಸೂರು ರೂಮು, ಊಟ, ಆಸನದ ಮೂಲಕ ಆಡುತ್ತಿತ್ತು ಅಂತ ನನಗೆ ಯಾವಾಗಲೂ ಅನ್ನಿಸುತ್ತದೆ. ಅತಿಥಿಗೆ ಅವಮಾನ ಆಗಬಾರದು, ತನ್ನ ಮಡಿ, ತನ್ನ ಪದ್ಧತಿಯೂ ಉಳಿಯಬೇಕು. ಅದನ್ನು ಸಾಧಿಸಿದ ಅಡುಗೆಯವರು, ಬಟ್ಲರುಗಳು, ಹಾಸಿಗೆ ಹಾಸಿದವರು, ಅವರ ಹೆಸರು ಯಾವ ಪುಸ್ತಕದಲ್ಲೂ ನಾನು ನೋಡಿಲ್ಲ. ಲಲಿತ ಮಹಲ್ 1974ರಲ್ಲಿ ಹೋಟೆಲ್ ಆಯಿತು. ಅದರ ಮುಂದೆ ಬಸ್ಸಿನಲ್ಲಿ ಹಾದುಹೋಗುವಾಗ ನನಗೆ ಆ ಜನ ನೆನಪಾಗುತ್ತಾರೆ.

ಅವಳಿಗೆ ಮತ್ತೆ ಫೋನ್ ಮಾಡಿದ್ದು ಮೂರು ದಿನ ಬಿಟ್ಟು. ಅಷ್ಟರಲ್ಲಿ ಅವಳೇ ತೀರ್ಮಾನ ಮಾಡಿದ್ದಳು. ಫಾರ್ಮಿನಲ್ಲಿ 'ಫ್ರಂಟ್ ಆಫೀಸ್ ಅಸಿಸ್ಟೆಂಟ್, ಹೋಟೆಲ್' ಅಂತ ಬರೆದಾಗಿತ್ತು. ಕೆಲಸದ ವಿವರ ಬರೆಯುವ ಕಡೆ ಸಿ ಫಾರ್ಮ್ ಬಗ್ಗೆಯೂ ಬರೆಯಬಹುದಾ ಅಂತ ಕೇಳಿದಳು. ಖಂಡಿತ ಬರಿ ಅಂದೆ. ಅಪ್ಪ ಇದ್ದಿದ್ದರೆ ಅವರಿಗೆ ಆ ಕಾಗದ ತೋರಿಸುತ್ತಿದ್ದೆ.

ಮಾತು ಮುಗಿಸುವಾಗ ಅವಳ ಕಡೆ ಪುಟ ತಿರುಗಿಸುವ ಸದ್ದು ಕೇಳಿಸಿತು. ಓದ್ತಾ ಇದೀಯಾ ಅಂದೆ.

"ಇಲ್ಲ ಮಾವ, ಲಾಗ್ ಬುಕ್. ನಾಳೆ ಅರೈವಲ್ ಲಿಸ್ಟ್‌ನಲ್ಲಿ ಉಜ್ಬೇಕಿಸ್ತಾನದಿಂದ ನಾಲ್ಕು ಜನ ಇದಾರೆ. ನಮ್ಮಲ್ಲಿಗೆ ಆ ದೇಶದೋರು ಇದೇ ಮೊದಲು. ಅವರ ಭಾಷೇಲಿ ಥ್ಯಾಂಕ್ಸ್‌ಗೆ 'ರಹಮತ್' ಅಂತಾರಂತೆ. ಬೆಳಗ್ಗೆ ಬರೋನಿಗೆ ಬರೆದಿಡ್ತಾ ಇದೀನಿ."